ಪೋರ್ಟ್: ಹೊರುವವರ ಪದ

ಮೊಬೈಲ್ ನಂಬರ್ ಅದನ್ನೇ ಉಳಿಸಿಕೊಂಡು ಕಂಪನಿ ಬದಲಿಸಿದವರು "ಪೋರ್ಟ್ ಮಾಡಿಸ್ದೆ" ಎನ್ನುತ್ತಾರೆ. 2011ರ ಜನವರಿಯಲ್ಲಿ ಆ ಸೌಲಭ್ಯ ದೇಶಕ್ಕೆಲ್ಲ ಬಂದ ಮೇಲೆ ಈ ಕ್ರಿಯಾಪದ ನಮ್ಮ ಮಾತಿನಲ್ಲಿ ಬೇರೂರಿತು. ಆದರೆ ಅದರ ಬಳಗ ಅದಕ್ಕೂ ಮೊದಲೇ ಇಲ್ಲಿತ್ತು. ರೈಲು ನಿಲ್ದಾಣದ ಪೋರ್ಟರ್ ಅದೇ ಮನೆಯವನು.

ಲ್ಯಾಟಿನ್ನಿನಲ್ಲಿ 'ಪೋರ್ತಾರೆ' ಎಂದರೆ ಹೊರುವುದು, 'ಪೋರ್ತುಸ್' ಎಂದರೆ ಬಂದರು. ಎರಡನ್ನೂ ಭಾಷಾಶಾಸ್ತ್ರಜ್ಞರು 'ದಾಟು' ಎಂಬ ಅರ್ಥದ 'ಪೆರ್' ಎಂಬ ಪ್ರಾಚೀನ ಧಾತುವಿಗೆ ಒಯ್ಯುತ್ತಾರೆ. ಸಂಸ್ಕೃತದ 'ಪಾರ', ಅಂದರೆ ಆಚೆ ದಡ, ಅದೇ ಬಳಗದ್ದು. ನಮ್ಮ 'ಪಾರು ಮಾಡು' ಅಲ್ಲಿಂದ ಬಂತು. ಕಡಲುಗಳ್ಳ ಎಂಬ ಅರ್ಥದ 'ಪೈರೇಟ್' ಪದದ ಹಿಂದಿರುವ ಗ್ರೀಕ್ ಮಾತಿಗೆ ಪ್ರಯತ್ನಿಸುವವನು, ಮೇಲೆ ಬೀಳುವವನು ಎಂಬ ಅರ್ಥವಿದೆ. ಅದನ್ನೂ ಇದೇ ಬೇರಿಗೆ ಸೇರಿಸುವ ವಿದ್ವಾಂಸರಿದ್ದಾರೆ. ದಾಟಿಸುವವನೂ ದೋಚುವವನೂ ದಾಯಾದಿಗಳು ಎಂದಾಯಿತು.

ಕಂಪ್ಯೂಟರಿನವರಿಗೆ ಬೇಕಾದದ್ದು ಹೊರುವ ಅರ್ಥ. ಯುನಿಕ್ಸ್ ವ್ಯವಸ್ಥೆಯನ್ನು 1973ರಲ್ಲಿ ಸಿ ಭಾಷೆಯಲ್ಲಿ ಮತ್ತೆ ಬರೆದ ಮೇಲೆ, ಅದನ್ನು ಬೇರೊಂದು ಯಂತ್ರಕ್ಕೆ ಒಯ್ಯುವುದು ಸುಲಭವಾಯಿತು. ಇಂಟರ್‌ಡೇಟಾ 8/32 ಯಂತ್ರಕ್ಕೆ ಹಾಗೆ ಒಯ್ದ ಕೆಲಸದ ಬಗ್ಗೆ ಬೆಲ್ ಲ್ಯಾಬ್ಸ್‌ನ ಸ್ಟೀಫನ್ ಜಾನ್ಸನ್ ಮತ್ತು ಡೆನಿಸ್ ರಿಚಿ 1978ರಲ್ಲಿ ಬರೆದರು. 1994ರಲ್ಲಿ ಯುನಿಕ್ಸ್ ಬಳಗದ ಕಾರ್ಯವ್ಯವಸ್ಥೆಯಾದ ಫ್ರೀಬಿಎಸ್‌ಡಿಯ 'ಪೋರ್ಟ್ಸ್' ಸಂಗ್ರಹ ಹುಟ್ಟಿದಾಗ ಕ್ರಿಯೆ ವಸ್ತುವೂ ಆಯಿತು. ಅಲ್ಲಿನ ಒಂದು 'ಪೋರ್ಟ್' ಪ್ರೋಗ್ರಾಂ ಅಲ್ಲ. ಮೂಲ ಎಲ್ಲಿದೆ, ಯಾವ ತಿದ್ದುಪಡಿ ಹಾಕಬೇಕು ಎಂದು ಹೇಳುವ ಪಾಕವಿಧಾನ.

ಈ ಪದಕ್ಕೆ ನಿಜವಾದ ಪರೀಕ್ಷೆ ಎದುರಾದದ್ದು ಆಟಗಳಲ್ಲಿ. 1993ರ 'ಡೂಮ್' ನೋಡಿ. ಅದರ ಮೂಲ ಕೋಡ್ ಅನ್ನು ಐಡಿ ಸಾಫ್ಟ್‌ವೇರ್‌ನ ಜಾನ್ ಕಾರ್ಮ್ಯಾಕ್ 1997ರ ಡಿಸೆಂಬರ್‌ನಲ್ಲಿ ಬಿಟ್ಟುಕೊಟ್ಟರು. ಜನ ಆಡಿದ್ದ ಡಾಸ್ ಆವೃತ್ತಿಯಲ್ಲ, ಲಿನಕ್ಸ್ ಆವೃತ್ತಿಯ ಕೋಡ್. ಡಾಸ್ ಆವೃತ್ತಿಯ ಸದ್ದಿನ ಭಾಗ ಬೇರೆಯವರ ಸ್ವತ್ತಾಗಿತ್ತು. 1999ರಲ್ಲಿ ಬಿಟ್ಟುಕೊಟ್ಟ ಕೋಡ್ ಜಿಪಿಎಲ್ ಪರವಾನಗಿಗೆ ಬಂತು. ಓದಬಹುದು, ತಿದ್ದಬಹುದು, ಹಂಚಬಹುದು. ಆದರೆ ನಕ್ಷೆ, ಚಿತ್ರ, ಸದ್ದುಗಳನ್ನು ತುಂಬಿಕೊಂಡ 'ವ್ಯಾಡ್' ಫೈಲ್ ಆ ಪರವಾನಗಿಯೊಳಗೆ ಬರಲಿಲ್ಲ. ಅದರ ಮೊದಲ ಕಂತು ಉಚಿತ, ಉಳಿದದ್ದಕ್ಕೆ ಹಣ ಕೊಡಬೇಕು. ಹೀಗಾಗಿ ಒಂದೇ ಫೋಲ್ಡರಿನಲ್ಲಿ ಎರಡು ಕಾನೂನು ಪಕ್ಕಪಕ್ಕ ಕೂತವು. ಎಂಜಿನ್, ಅಂದರೆ ಆಟ ನಡೆಸುವ ಆ ಕೋಡ್, ನಕಲಿಸಿದವನು ಕೊಟ್ಟ ಹಕ್ಕನ್ನು ಬಳಸಿದ. ಪೂರ್ತಿ ವ್ಯಾಡ್ ನಕಲಿಸಿ ಹಂಚಿದವನು ಕಾನೂನು ಮೀರಿದ. 'ಸೋರ್ಸ್ ಪೋರ್ಟ್' ಎಂಬ ಮಾತು ಈ ಗೆರೆಯನ್ನು ಕಾಯುತ್ತದೆ: ನಾನು ಎಂಜಿನ್ ಹೊತ್ತು ತಂದಿದ್ದೇನೆ, ಆಟದ ಫೈಲ್ ನೀನು ಕೊಂಡದ್ದನ್ನು ತಾ.

ನಕಲು ಮಾಡುವವರಿಗೆ ಕಡಲುಗಳ್ಳರ ಹೆಸರು ಕಂಪ್ಯೂಟರಿಗಿಂತ ಬಹಳ ಹಳೆಯದು. ಇಂಗ್ಲಿಷ್ ನಾಟಕಕಾರ ಥಾಮಸ್ ಡೆಕ್ಕರ್ 1603ರಲ್ಲೇ ಮಾತು ಕದಿಯುವವರನ್ನು ಪೈರೇಟ್‌ಗಳೆಂದು ಬೈದಿದ್ದ. ಮುಕ್ತ ತಂತ್ರಾಂಶ ಚಳವಳಿಯ ರಿಚರ್ಡ್ ಸ್ಟಾಲ್‌ಮನ್ ಈ ಪದವೇ ಬೇಡ ಎನ್ನುತ್ತಾರೆ: ನಕಲು ಮಾಡುವುದು ಹಡಗಿನ ಮೇಲೆ ಬಿದ್ದು ಕೊಲ್ಲುವುದಕ್ಕೆ ಸಮವಲ್ಲ. ಅಷ್ಟು ಮಟ್ಟಿಗೆ ಅವರ ಮಾತು ಸರಿ. ಆದರೆ ಚಿತ್ರ ಬರೆದವರ, ಸದ್ದು ಕೂಡಿಸಿದವರ ದುಡಿಮೆಗೆ ಬೆಲೆ ಕೊಡದೆ ಒಯ್ಯುವುದಕ್ಕೂ ಒಂದು ಹೆಸರು ಬೇಕು. ಕನ್ನಡದಲ್ಲಿ ನಾವು ಅದಕ್ಕೆ 'ಪೈರಸಿ' ಎಂದೇ ಅನ್ನುತ್ತೇವೆ. 'ಕೃತಿಚೌರ್ಯ' ಬೇರೆಯವರದನ್ನು ತನ್ನ ಹೆಸರಿನಲ್ಲಿ ಮೆರೆಸುವುದಕ್ಕೆ ಮೀಸಲು. ಈ ಭೇದ ಉಳಿಯಬೇಕು. ಪೋರ್ಟ್ ಮಾಡಿದವನನ್ನು ಈ ಎರಡು ಗುಂಪಿಗೂ ಸೇರಿಸುವುದು ಅನ್ಯಾಯ. ಅವನು ಹೊಸ ಯಂತ್ರದ ಪರದೆ, ಸದ್ದು, ಕೀಲಿಮಣೆಗೆ ತಕ್ಕಂತೆ ತಿಂಗಳುಗಟ್ಟಲೆ ಕೋಡ್ ತಿದ್ದಿದವನು. ಮೂಲ ಕರ್ತೃವಿನ ಹೆಸರನ್ನು ಕಡತದ ತಲೆಯಲ್ಲೇ ಉಳಿಸಿದವನು.

ವ್ಯಾಡ್ ಕೊಳ್ಳಲಾಗದವರಿಗಾಗಿ ನಕಲಿನ ದಾರಿ ಹಿಡಿಯದವರೂ ಇದ್ದಾರೆ. 'ಫ್ರೀಡೂಮ್' ಯೋಜನೆಯವರು ನಕ್ಷೆ, ರಾಕ್ಷಸ, ಆಯುಧ, ಸದ್ದು ಎಲ್ಲವನ್ನೂ ಹೊಸದಾಗಿ ತಾವೇ ಮಾಡಿ, ಯಾರು ಬೇಕಾದರೂ ಹಂಚಿಕೊಳ್ಳಿ ಎಂದು ಕೊಟ್ಟಿದ್ದಾರೆ.