ಮೂಕಚಿತ್ರಕ್ಕೆ ಮರಳಿದ ನಾದ



ಮೂಕಚಿತ್ರಗಳ ಕಾಲದ ಚಿತ್ರಮಂದಿರಗಳಲ್ಲಿ ಸಂಗೀತಕ್ಕೆ ಕೊರತೆಯಿರಲಿಲ್ಲ. ಈ ನಾಡಿನಲ್ಲಿ ಪರದೆಯ ಪಕ್ಕ ಪಿಯಾನೋ, ಪಿಟೀಲುಗಳು ಮೊಳಗುತ್ತಿದ್ದವು. ನಮ್ಮ ನಾಡಿನಲ್ಲಿ ಹಾರ್ಮೋನಿಯಂ, ತಬಲಾಗಳು. ಆದರೆ ಆ ಸಂಗೀತವು ಫಿಲ್ಮಿನ ಸುರುಳಿಯಲ್ಲಿ ಅಡಕವಾಗಿರಲಿಲ್ಲ. ನುಡಿಸಿದವರೊಡನೆಯೇ ಬಹುಪಾಲು ಮರೆಯಾಯಿತು. ಆದುದರಿಂದ ಕಳೆದುಹೋದ ಮೂಕಚಿತ್ರವೊಂದು ಮರಳಿ ದೊರೆತರೂ ಅರ್ಧವೇ ದೊರೆತಂತೆ. ಉಳಿದರ್ಧವನ್ನು ತುಂಬಿಕೊಡುವ ಬಗೆ ಹೇಗೆ? ಡಬ್ಲಿನ್ನಿನ ಒಂದು ಪ್ರಸಂಗದ ಮೂಲಕ ಇದನ್ನು ಪರಿಶೀಲಿಸೋಣ.

ನಮ್ಮ ವೃತ್ತಿಬಾಂಧವರೊಬ್ಬರು ಈ ಕಥೆಯ ನಾಯಕರೆಂಬುದು ನಮಗೆ ಹೆಮ್ಮೆಯ ಸಂಗತಿ. ಡಬ್ಲಿನ್ನಿನ ವೈದ್ಯ ಐಸಾಕ್ ಎಪಲ್ ಅವರು ಚಿತ್ರಮಂದಿರವೊಂದರ ಒಡೆಯರೂ ಆಗಿದ್ದರು. ಐರಿಷ್ ಸ್ವಾತಂತ್ರ್ಯ ಸಮರವನ್ನು ಕುರಿತು ಅವರೇ ಕಥೆ ಬರೆದು, ಹಣ ಹೂಡಿ ನಿರ್ಮಿಸಿದ ‘ಐರಿಷ್ ಡೆಸ್ಟಿನಿ’ಯನ್ನು ಜಾರ್ಜ್ ಡ್ಯೂಹರ್ಸ್ಟ್ ನಿರ್ದೇಶಿಸಿದರು. 1916ರ ಈಸ್ಟರ್ ದಂಗೆಯ ದಶಮಾನೋತ್ಸವದ ಸಂದರ್ಭದಲ್ಲಿ, 1926ರ ಏಪ್ರಿಲ್‌ನಲ್ಲಿ, ಅದು ಡಬ್ಲಿನ್ನಿನಲ್ಲಿ ತೆರೆಕಂಡಿತು. ಬ್ರಿಟನ್ನಿನ ಸೆನ್ಸಾರರು ನಿಷೇಧಿಸಿದರು. ಎಪಲ್ ಮತ್ತೊಂದು ಚಿತ್ರ ತೆಗೆಯಲಿಲ್ಲ. ಕಾಲಕ್ರಮದಲ್ಲಿ ಚಿತ್ರವೇ ಕಣ್ಮರೆಯಾಯಿತು.

1991ರಲ್ಲಿ ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ಸಿನಲ್ಲಿ ಅದರ ನೈಟ್ರೇಟ್ ಪ್ರತಿಯೊಂದು ಪತ್ತೆಯಾಯಿತು. ನೈಟ್ರೇಟ್ ಫಿಲ್ಮು ಸುಲಭವಾಗಿ ಹೊತ್ತಿಕೊಳ್ಳುವ, ಇಟ್ಟಲ್ಲಿಯೇ ಕೊಳೆಯುವ ವಸ್ತು. ಐರಿಷ್ ಚಿತ್ರ ಸಂಗ್ರಹಾಲಯವು ಅದನ್ನು ಸುರಕ್ಷಿತ ಫಿಲ್ಮಿಗೆ ಇಳಿಸಿ ಜೀರ್ಣೋದ್ಧಾರ ಮಾಡಿತು. ಹೊಸ ಸಂಗೀತ ರಚಿಸುವ ಹೊಣೆ ಮೀಹಾಲ್ ಓ ಸೂಲವಾನ್ ಅವರದಾಯಿತು. ಐರಿಷ್ ಜನಪದ ಸಂಗೀತವನ್ನೂ ಪಾಶ್ಚಾತ್ಯ ವಾದ್ಯವೃಂದವನ್ನೂ ಬೆಸೆಯುವುದೇ ಅವರ ಜೀವಮಾನದ ಸಾಧನೆ. 1993ರ ಡಿಸೆಂಬರಿನಲ್ಲಿ ನ್ಯಾಷನಲ್ ಕಾನ್ಸರ್ಟ್ ಹಾಲಿನಲ್ಲಿ ಆರ್‌ಟಿಇ ಕಾನ್ಸರ್ಟ್ ಆರ್ಕೆಸ್ಟ್ರಾ ಅದನ್ನು ಚಿತ್ರದೊಡನೆ ನುಡಿಸಿತು.

ಇಂತಹ ಪ್ರಯೋಗದ ಕಷ್ಟವನ್ನು ಯಕ್ಷಗಾನ ಬಲ್ಲವರು ಬೇಗ ಗ್ರಹಿಸಬಲ್ಲರು. ಭಾಗವತರು ವೇಷಧಾರಿಯ ಹೆಜ್ಜೆ ನೋಡಿ ಪದವನ್ನು ಎಳೆಯಬಹುದು, ಮೊಟಕುಗೊಳಿಸಬಹುದು. ವೇಷಧಾರಿಯೂ ಭಾಗವತರಿಗಾಗಿ ಕಾಯಬಲ್ಲ. ಪರದೆಯ ಮೇಲಿನ ನಟನಾದರೋ ಯಾರಿಗಾಗಿಯೂ ಕಾಯಲಾರ. ಸಂಗೀತವು ಒಂದು ಮಾತ್ರೆ ತಡವಾದರೂ ಬಾಗಿಲು ಬಡಿದ ಮೇಲೆ ಸದ್ದು ಕೇಳಿಸುತ್ತದೆ. ಮೂಕಚಿತ್ರಗಳ ಓಟದ ವೇಗವೂ ಒಂದೇ ತೆರನಾಗಿರಲಿಲ್ಲ. ಆ ವೇಗವನ್ನು ಮೊದಲು ನಿಶ್ಚಯಿಸದೆ ಒಂದು ಸ್ವರವನ್ನೂ ಕೂಡಿಸುವಂತಿಲ್ಲ.

ಇದಕ್ಕಿಂತ ಗಹನವಾದ ಪ್ರಶ್ನೆಯೊಂದಿದೆ. ಈ ಚಿತ್ರದಲ್ಲಿ 1920ರಲ್ಲಿ ಕಾರ್ಕ್ ನಗರವೂ 1921ರಲ್ಲಿ ಡಬ್ಲಿನ್ನಿನ ಕಸ್ಟಮ್ ಹೌಸ್ ಕಟ್ಟಡವೂ ಉರಿದ ನೈಜ ದೃಶ್ಯಗಳನ್ನು ಸೇರಿಸಲಾಗಿದೆ. 1926ರ ಪ್ರೇಕ್ಷಕರಲ್ಲಿ ಆ ಹೊಗೆಯ ವಾಸನೆಯನ್ನೇ ಬಲ್ಲವರಿದ್ದರು. ಅವರ ಎದೆಯೊಳಗಿನ ನೆನಪೇ ಹಿನ್ನೆಲೆ ಸಂಗೀತವಾಗಿದ್ದಿರಬೇಕು. 1993ರ ಪ್ರೇಕ್ಷಕರಿಗೆ ಆ ನೆನಪಿಲ್ಲ. ಅದನ್ನು ಸಂಗೀತವೇ ಒದಗಿಸಬೇಕಾಯಿತು. ಆದುದರಿಂದ ಹಳೆಯ ಸ್ವರಗಳನ್ನು ಯಥಾವತ್ತಾಗಿ ಮರಳಿಸುವುದಷ್ಟೇ ಪುನರ್ರಚನೆಯಲ್ಲ, ಕಳೆದುಹೋದ ಪ್ರೇಕ್ಷಕನ ಮನಸ್ಸನ್ನು ಮರಳಿಸುವುದೂ ಪುನರ್ರಚನೆಯೇ ಎಂದು ನಾವು ಭಾವಿಸುತ್ತೇವೆ.

ಭಾರತದ ಮೂಕಚಿತ್ರಗಳಿಗೂ ಈ ಭಾಗ್ಯ ಒದಗಿದೆ. 1929ರ ‘ಪ್ರಪಂಚ ಪಾಶ’ಕ್ಕೆ 2007ರಲ್ಲಿ ನಿತಿನ್ ಸಾಹ್ನಿ, 1928ರ ‘ಶಿರಾಜ್‌’ಗೆ 2017ರಲ್ಲಿ ಅನೌಷ್ಕಾ ಶಂಕರ್ ಹೊಸ ಸಂಗೀತ ನೀಡಿದರು. ಆದರೆ 1934ರಲ್ಲಿ ತೆರೆಕಂಡ ನಮ್ಮ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ದ ಒಂದು ಪ್ರತಿಯೂ ಇಂದು ಉಳಿದಿಲ್ಲ. ಐರಿಷರು ಚಿತ್ರವನ್ನು ಪಡೆದು ಸಂಗೀತಕ್ಕಾಗಿ ಶ್ರಮಿಸಿದರು. ಕನ್ನಡಿಗರು ಮಾತು, ಹಾಡು, ಚಿತ್ರ ಮೂರನ್ನೂ ಒಟ್ಟಿಗೆ ಕಳೆದುಕೊಂಡೆವು.

ಎಪಲ್ ಅವರ ಚಿತ್ರ ಉಳಿದದ್ದು ತಾಯ್ನಾಡಿನಲ್ಲಲ್ಲ, ಸಾಗರದಾಚೆ. ನಮ್ಮಂತಹ ವಲಸೆಗಾರರು ಇದನ್ನು ಮರೆಯಬಾರದು. ನಮ್ಮ ಅಟ್ಟಗಳಲ್ಲಿರುವ ಹಳೆಯ ಧ್ವನಿಸುರುಳಿ, ಕ್ಯಾಸೆಟ್ಟುಗಳನ್ನು ಎಸೆಯುವ ಮುನ್ನ ಒಮ್ಮೆ ಕಿವಿಗೊಟ್ಟು ಕೇಳೋಣ.