ಸಾಕ್ಷ್ಯಚಿತ್ರ: ಸಂಕಷ್ಟ ಮತ್ತು ಶ್ರದ್ಧೆ (ಚಿತ್ರದುರ್ಗ ಸೀಮೆ)

ವ್ಯಕ್ತಿಯೊಬ್ಬನ ಕಷ್ಟಕಾರ್ಪಣ್ಯಗಳನ್ನೂ ಅವುಗಳ ನಡುವೆ ಅವನು ಬಿಡದೆ ಹಿಡಿದ ದೈವಶ್ರದ್ಧೆಯನ್ನೂ, ಕಲ್ಪಿತ ಕಥೆಯ ಆಸರೆಯಿಲ್ಲದೆ, ಕಂಡಂತೆಯೇ ನಿರೂಪಿಸತಕ್ಕ ಚಲಚ್ಚಿತ್ರ ಪ್ರಕಾರ. ಕನ್ನಡಿಗರಿಗೆ ಇದರ ನಿಕಟ ನಿದರ್ಶನ ಶಬ್ನಮ್ ವಿರ್ಮಾನಿಯವರ ‘ಕೋಯಿ ಸುನ್ತಾ ಹೈ’ (2008). ಬೆಳಗಾವಿ ಜಿಲ್ಲೆಯ ಸುಳೇಭಾವಿಯಲ್ಲಿ ಜನಿಸಿ, ಕ್ಷಯಪೀಡಿತರಾಗಿ ವರ್ಷಗಟ್ಟಲೆ ಹಾಡಲಾರದೆ ಮಧ್ಯಪ್ರದೇಶದ ದೇವಾಸದಲ್ಲಿ ಮಲಗಿದ್ದ ಗಾಯಕ ಕುಮಾರ ಗಂಧರ್ವರ ನಿರ್ಗುಣಗಾಯನವು (ನಿರಾಕಾರ ದೈವವನ್ನು ಕುರಿತ ಹಾಡುಗಾರಿಕೆ) ಅದರಲ್ಲಿ ಮುಖ್ಯವಾದ ಎಳೆ.

ಮಳೆ ಅಪರೂಪವಾದ ಚಿತ್ರದುರ್ಗ ಸೀಮೆಯಲ್ಲಿ ಇಂಥ ವಸ್ತುವಿಗೆ ಬರವಿಲ್ಲ. ಹಿರಿಯೂರಿನ ಬಳಿ 1907ರಲ್ಲಿ ಪೂರ್ಣಗೊಂಡ ವಾಣಿವಿಲಾಸ ಸಾಗರ ಜಲಾಶಯವು 1933ರಲ್ಲಿ ಕೋಡಿಬಿದ್ದ ಮೇಲೆ ಮತ್ತೆ ತುಂಬಿ ಹರಿದದ್ದು 2022ರಲ್ಲಿ. ನಡುವಿನ ಈ ದೀರ್ಘ ನಿರೀಕ್ಷೆಯೇ ಒಂದು ಚಿತ್ರಕ್ಕೆ ಸಾಕಾದೀತು. ಹೊಸದುರ್ಗ ತಾಲ್ಲೂಕಿನ ಹಾಲುರಾಮೇಶ್ವರದಲ್ಲಿ ಸಂತಾನಾಪೇಕ್ಷಿಗಳಾದ ದಂಪತಿಗಳು ಕೊಳದ ಮುಂದೆ ಕುಳಿತು, ನೀರಿನಿಂದ ಮೇಲೆದ್ದು ಬರುವುದೆಂದು ತಾವು ನಂಬಿದ ಪ್ರಸಾದಕ್ಕಾಗಿ ರೆಪ್ಪೆ ಮುಚ್ಚದೆ ಕಾಯುತ್ತಾರೆ. ಹೊಳಲ್ಕೆರೆಯ ಬಯಲು ಗಣಪತಿಯ ಸನ್ನಿಧಿಯಲ್ಲೂ ಹರಕೆಯ ಜನ ಸೇರುವುದುಂಟು.

ಇದೇ ಸೀಮೆಯ ಪಶುಪಾಲಕ ಸಮುದಾಯವಾದ ಕಾಡುಗೊಲ್ಲರ ಹಟ್ಟಿಗಳಲ್ಲಿ ನಿರ್ದೇಶಕನ ಪಾಡು ಕಠಿನತರ. ಅವರ ದೈವಗಳಾದ ಜುಂಜಪ್ಪ, ಎತ್ತಪ್ಪರ ಮೇಲಣ ಭಕ್ತಿ ಅಲ್ಲಿ ಹಾಡಾಗಿ ಹರಿಯುತ್ತದೆ. ಅದೇ ಭಕ್ತಿಯ ಹೆಸರಿನಲ್ಲಿ ಮುಟ್ಟಾದವಳೂ ಬಾಣಂತಿಯೂ ಹಟ್ಟಿಯ ಹೊರಗಿನ ಗುಡಿಸಲಿನಲ್ಲಿರಬೇಕಾಗುತ್ತದೆ. ಬಲವಂತದ ಈ ಪ್ರತ್ಯೇಕತೆಯನ್ನು ಕರ್ನಾಟಕದ 2017ರ ಮೌಢ್ಯವಿರೋಧಿ ಕಾಯಿದೆ ನಿಷೇಧಿಸಿದೆ. ಕೇವಲ ಹಾಡನ್ನು ಚಿತ್ರಿಸಿ ಮರಳುವವನು ಅರ್ಧಸತ್ಯವಾದಿ. ಗುಡಿಸಲನ್ನಷ್ಟೇ ತೋರಿಸುವವನೂ, ನಮ್ಮ ಅಭಿಪ್ರಾಯದಲ್ಲಿ, ಅವನಿಗಿಂತ ಬಹಳ ಮೇಲಿನವನಲ್ಲ. ಗುಡಿಸಲಿನವಳ ಮುಖವನ್ನು ತೋರಿಸಬಹುದೇ ಎಂಬುದನ್ನು ಹಟ್ಟಿಯ ಯಜಮಾನನಿಗಿಂತ ಮೊದಲು ಆಕೆಯನ್ನೇ ಕೇಳತಕ್ಕದ್ದು.