ಮಾರಿ ಬರುವ ದಾರಿ

ಕಲ್ಪಿತ ಲೋಕಗಳ ಕಥೆಗಳನ್ನು ಹೆಣೆಯುವವರು, ಪ್ರಪಂಚದ ಒಂದೆಡೆ ಅಕಸ್ಮಾತ್ತಾಗಿ ಬಿರುಕು ಬಿದ್ದು, ಅದರೊಳಗಿಂದ ಅನ್ಯಲೋಕದ ಭೀಕರ ಶಕ್ತಿಗಳು ಮನುಷ್ಯರ ನಡುವೆ ನುಗ್ಗುವುದನ್ನೂ, ಒಮ್ಮೆ ಮುಚ್ಚಿದ ಆ ಬಿರುಕು ಕೆಲವು ಸಂವತ್ಸರಗಳ ಬಳಿಕ ಮತ್ತೆ ಬಾಯ್ದೆರೆಯುವುದನ್ನೂ ವರ್ಣಿಸುವುದುಂಟು. ಮೈಸೂರು ಸೀಮೆಯ ನಮ್ಮ ಪೂರ್ವಿಕರು ಇದನ್ನು ಕಥೆಯೆಂದು ಬಗೆದವರಲ್ಲ. ಅವರ ಪಾಲಿಗೆ ಆ ಬಿರುಕು ಊರಿನ ಗಡಿಯಲ್ಲಿದ್ದಿತು, ಅದರ ಮೂಲಕ ಬರುತ್ತಿದ್ದವಳು ಮಾರಿ. ಉದಾಹರಣೆಗೆ, ಈಗ ಹೊರವರ್ತುಲ ರಸ್ತೆಯ ಗದ್ದಲಕ್ಕೂ ಬಹುಮಹಡಿ ಕಟ್ಟಡಗಳಿಗೂ ಸಿಕ್ಕಿಕೊಂಡಿರುವ ದೊಡ್ಡನೆಕ್ಕುಂದಿಯು ಕೃಷ್ಣರಾಜಪುರ ಹೋಬಳಿಯ ಒಂದು ಕೆರೆಯೂರು. ಬೆಂಗಳೂರಿನ ಪೂರ್ವದಿಕ್ಕಿನ ಇಂಥ ಗ್ರಾಮಗಳಲ್ಲಿ ಗಡಿಯು ಕಂದಾಯದವರು ಅಳೆದ ಎಲ್ಲೆಯಾಗಿದ್ದಂತೆಯೇ, ಗ್ರಾಮದೇವತೆಯ ರಕ್ಷೆ ಮುಗಿದು ಹೆಸರಿಲ್ಲದ ಭಯಗಳ ರಾಜ್ಯ ಮೊದಲಾಗುವ ಸ್ಥಾನವೂ ಆಗಿದ್ದಿತು.

ಆ ಭಯಗಳಿಗೆ ಕಾಲಕ್ರಮದಲ್ಲಿ ಹೆಸರುಗಳೂ ಒದಗಿದವು. ಮದರಾಸಿನ ಬಿಷಪ್ಪರಾಗಿದ್ದ ಹೆನ್ರಿ ವೈಟ್‌ಹೆಡ್ ಅವರು ಕಳೆದ ಶತಮಾನದ ಆದಿಯಲ್ಲಿ ದಕ್ಷಿಣ ಭಾರತದ ಗ್ರಾಮದೇವತೆಗಳನ್ನು ಕುರಿತು ಬರೆದ ಗ್ರಂಥದಲ್ಲಿ, ಇಂದಿನ ಮೆಜೆಸ್ಟಿಕ್‌ ಬಳಿ ಗುಡಿಯುಳ್ಳ ಅಣ್ಣಮ್ಮನನ್ನೂ ಅವಳೊಡನೆ ಪೂಜೆಗೊಳ್ಳುವ ದೇವತೆಯರನ್ನೂ ಹೆಸರಿಸಿದ್ದಾರೆ: ವಾಂತಿಭೇದಿಗೆ ಮಾರಮ್ಮ, ಕೊರಳ ಬಾವಿಗೆ ಉದಲಮ್ಮ, ಕೆಮ್ಮಿಗೆ ಕೊಕ್ಕಲಮ್ಮ, ದಡಾರ ಸಿಡುಬುಗಳಿಗೆ ಸುಖಜಮ್ಮ. ರೋಗವನ್ನು ತರುವವಳೂ ಅವಳೇ, ಕಳೆಯುವವಳೂ ಅವಳೇ ಎಂಬ ಈ ವ್ಯವಸ್ಥೆಯಲ್ಲಿ ತರ್ಕದ ಲೋಪವನ್ನು ಹುಡುಕುವುದು ಸುಲಭ; ಆದರೆ ವೈದ್ಯನಿಲ್ಲದ ಊರಿನಲ್ಲಿ ಮೊರೆಯಿಡಲು ಒಬ್ಬರಾದರೂ ಬೇಕಲ್ಲವೆ? ಮನೆಯಲ್ಲಿ ಅಮ್ಮ ಆಗಿದೆಯೆಂದು ತಿಳಿದೊಡನೆ ಬಾಗಿಲಿಗೆ ಬೇವಿನ ಸೊಪ್ಪು ಕಟ್ಟುವರು, ಒಗ್ಗರಣೆ ಹಾಕುವುದನ್ನು ನಿಲ್ಲಿಸುವರು, ಹೊರಗಿನವರನ್ನು ಒಳಗೆ ಬಿಡರು. ಒಗ್ಗರಣೆಯ ನಿಷೇಧದಿಂದ ರೋಗಿಗೆ ಏನು ಲಾಭವಾಯಿತೋ ಹೇಳಲಾರೆ. ಬಾಗಿಲಿನ ನಿಷೇಧದಿಂದಂತೂ ನೆರೆಮನೆಯವರಿಗೆ ಉಪಕಾರವಾಗಿಯೇ ಇದ್ದೀತು.

ರೋಗವು ಒಂದು ಮನೆಯನ್ನು ಮೀರಿ ಊರನ್ನೇ ಹಿಡಿದಾಗ ಕಾರ್ಯವೂ ಊರಿನದೇ ಆಗುತ್ತಿತ್ತು. ಕೋಣನ ಬಲಿಯಾಗಿ, ಆ ರಕ್ತವನ್ನು ಕಲಸಿದ ಅನ್ನವನ್ನು ಇರುಳಿನಲ್ಲಿ ಎಲ್ಲೆಯ ಸುತ್ತ ಚರಗವಾಗಿ ಚೆಲ್ಲುತ್ತ, ಅಸಾದಿಗಳು ದೇವಿಯನ್ನು ಹೊಗಳಿಯೂ ಬೈದೂ ಹಾಡುತ್ತ, ಕಟ್ಟಕಡೆಗೆ ಮಾರಿಯನ್ನು ಗಡಿ ದಾಟಿಸಿ ಬರುತ್ತಿದ್ದರು. ಈ ವಿಧಿಯಲ್ಲಿ ಎರಡು ಕ್ರೌರ್ಯಗಳಿದ್ದುವು. ಬಿರುಕಿನ ಬಾಯಿಗೆ ಹೋಗಿ ನಿಲ್ಲುವ ಅಪಾಯದ ಕೆಲಸವನ್ನು, ಉಳಿದ ದಿನಗಳಲ್ಲಿ ಗುಡಿಯೊಳಕ್ಕೂ ಬಿಡದ ಕೇರಿಯವರ ಹೆಗಲಿಗೇ ಹೊರಿಸಿದ್ದು ಒಂದು. ದಾಟಿಸಿದ ಮಾರಿಯು ನೆರೆಯೂರಿನ ನೆಲದಲ್ಲಿ ಕಾಲಿಡುವಳೆಂಬುದನ್ನು ಬಲ್ಲವರಾಗಿಯೂ ನಿಶ್ಚಿಂತರಾಗಿ ಮನೆಗೆ ಮರಳಿದ್ದು ಇನ್ನೊಂದು. ನೆರೆಯೂರಿನವರೂ ಅವಳನ್ನು ತಮ್ಮ ಮುಂದಿನ ಊರಿಗೆ ಕಳುಹಿಸದೆ ಇರುತ್ತಿರಲಿಲ್ಲ. ತುಳುನಾಡಿನಲ್ಲಿ ಆಟಿ ತಿಂಗಳ ಕಳೆಂಜನು ಮನೆಮನೆಗೆ ಬಂದು ಕುಣಿದು ಮಾರಿಯನ್ನು ಕಳೆಯುವ ಪದ್ಧತಿ ಇದಕ್ಕಿಂತ ಸೌಮ್ಯವೆಂದು ನನಗೆ ತೋರುತ್ತದೆ.

1898ರಲ್ಲಿ ಬಂದ ಮಾರಿಗೆ ಗಡಿಯ ಗೊಡವೆಯೇ ಇರಲಿಲ್ಲ. 1896ರಲ್ಲಿ ಮುಂಬಯಿಯನ್ನು ಹೊಕ್ಕ ಪ್ಲೇಗು, ಹುಬ್ಬಳ್ಳಿಯ ಕಡೆಯಿಂದ ರೈಲನ್ನೇರಿ, ಆಗಸ್ಟ್ ತಿಂಗಳಿನಲ್ಲಿ ಬೆಂಗಳೂರಿಗೆ ಬಂದಿಳಿಯಿತು. ಪೇಟೆಯು ಮೈಸೂರು ಸರಕಾರದ್ದು, ದಂಡು ಬ್ರಿಟಿಷ್ ರೆಸಿಡೆಂಟನದು. ಒಂದೇ ಊರಿಗೆ ಇಬ್ಬರು ಒಡೆಯರಾದರೂ ಇಲಿಗಳು ಆ ಭೇದವನ್ನು ಎಣಿಸಲಿಲ್ಲ. ಪ್ಲೇಗ್ ಕಮಿಷನರಾಗಿ ವಿ. ಪಿ. ಮಾಧವರಾಯರು ನೇಮಕಗೊಂಡರು, ರೈಲು ಪ್ರಯಾಣಿಕರ ತಪಾಸಣೆ ನಡೆಯಿತು. ಮನೆಯಲ್ಲಿ ಇಲಿ ಬಿದ್ದಿತೆಂದರೆ ಸಾಕು, ಜನರು ಪಾತ್ರೆ ಪಡಗಗಳನ್ನು ಗಾಡಿಗೇರಿಸಿ, ಊರಾಚೆಯ ಹೊಲಗಳಲ್ಲಿ ಗುಡಿಸಲು ಹಾಕಿಕೊಂಡು ತಿಂಗಳುಗಟ್ಟಲೆ ವಾಸಿಸಿದರು. ಯಾವ ಬಯಲನ್ನು ಮಾರಿಯ ನೆಲೆಯೆಂದು ಅಂಜಿದ್ದರೋ ಅದೇ ಬಯಲು ಆಶ್ರಯವಾಗಿ, ದೇವತೆ ಕಾಯುವ ಊರೇ ಸಾವಿನ ಮನೆಯಾದ ವಿಪರ್ಯಾಸವನ್ನು ಆ ತಲೆಮಾರು ಕಣ್ಣಾರೆ ಕಂಡಿತು.

ಬಸವನಗುಡಿ, ಮಲ್ಲೇಶ್ವರಗಳ ಅಗಲವಾದ ಬೀದಿಗಳು ಬೇಗ ತುಂಬಿಕೊಂಡದ್ದು ಈ ಭಯದಿಂದ; ದಂಡಿನ ಕಡೆ 1910ರ ಹೊತ್ತಿಗೆ ರೂಪುಗೊಂಡ ಫ್ರೇಜರ್ ಟೌನಂತೂ ಇದರ ಸಂತಾನವೇ. ಪೂರ್ವದಲ್ಲಿ ಹಳೆಯ ಮದರಾಸು ರಸ್ತೆಯ ಬಳಿ, ಈಗ ಇಂದಿರಾನಗರವೆನಿಸಿದ ಕಡೆ, ಸಾಂಕ್ರಾಮಿಕ ರೋಗಗಳ ಆಸ್ಪತ್ರೆ ಇದೆ. ಜನರಾದರೋ ತಮ್ಮ ರೀತಿಯಲ್ಲಿ ಪ್ಲೇಗ್ ಮಾರಮ್ಮನಿಗೆ ಗುಡಿ ಕಟ್ಟಿದರು. ಶತಮಾನದ ಬಳಿಕ, 2021ರಲ್ಲಿ, ಕೊಳ್ಳೇಗಾಲದ ಮಧುವನಹಳ್ಳಿಯಲ್ಲಿ ಕೊರೊನಾ ಮಾರಮ್ಮನೂ ಪ್ರತಿಷ್ಠಿತಳಾದಳು.

ನಗರವು ಹಬ್ಬಿ ಗ್ರಾಮಗಳ ಎಲ್ಲೆ ಅಳಿಸಿದ ಮೇಲೆ ಗಡಿಯು ಸಂಕುಚಿತವಾಗಿ ಮನೆಯ ಬಾಗಿಲಿಗೆ ಬಂದು ನಿಂತಿತು. ಕಳೆದ ಶತಮಾನದ ಕೊನೆಯ ದಶಕದಲ್ಲಿ, ಬಂಧುಗಳ ಧ್ವನಿಯಲ್ಲಿ ಕರೆದು ಇರುಳು ಬಾಗಿಲು ಬಡಿಯುವ ದೆವ್ವದ ಸುದ್ದಿ ಹಬ್ಬಿ, ಬೆಂಗಳೂರಿನ ಎಷ್ಟೋ ಬಾಗಿಲುಗಳ ಮೇಲೆ ‘ನಾಳೆ ಬಾ’ ಎಂಬ ಬರಹ ಮೂಡಿತು. ಪ್ರತಿ ರಾತ್ರಿಯೂ ಅದನ್ನೋದಿ ಹಿಂದಿರುಗುವಷ್ಟು ಆ ದೆವ್ವ ಅಕ್ಷರಸ್ಥವಾಗಿದ್ದುದು ನಮ್ಮ ಪುಣ್ಯ! ಮಾರಿಯನ್ನು ನೆರೆಯೂರಿಗೆ ದಾಟಿಸಿದವರ ಮಕ್ಕಳು ದೆವ್ವವನ್ನು ಮರುದಿನಕ್ಕೆ ದಾಟಿಸಿದರು.

ಎರಡೂ ಉಪಾಯಗಳು ಬಿರುಕನ್ನು ಮುಚ್ಚಲಿಲ್ಲ, ಅದರ ಸ್ಥಳವನ್ನೋ ಕಾಲವನ್ನೋ ಬದಲಿಸಿದುವು, ಅಷ್ಟೆ. ಸಿಡುಬಿನ ವಿಷಯದಲ್ಲಿ ಮಾತ್ರ ಬೇರೆಯದಾದುದು ನಡೆಯಿತು: ಯಾವ ಊರೂ ತನ್ನ ಪಾಲಿನ ಮಾರಿಯನ್ನು ಮತ್ತೊಂದಕ್ಕೆ ಕಳುಹಿಸದಂತೆ, ಎಲ್ಲ ಗಡಿಗಳ ಒಳಗೂ ಮನೆಮನೆ ಹುಡುಕಿ ದಾಕು ಹಾಕಲಾಯಿತು. ಭಾರತದಲ್ಲಿ ಕಡೆಯ ಸಿಡುಬು ಕಾಣಿಸಿಕೊಂಡದ್ದು 1975ರಲ್ಲಿ; 1980ರ ಮೇ 8ರಂದು ವಿಶ್ವ ಆರೋಗ್ಯ ಸಭೆಯು ಆ ರೋಗ ಭೂಮಿಯಿಂದಲೇ ತೊಲಗಿತೆಂದು ಸಾರಿತು.